ಟಿವಿಗೆ ಸೆಟ್ ಹಾಕಿದ ಅನುಭವ ಸಿನಿಮಾದಲ್ಲಿ ಉಪಯೋಗಕ್ಕೆ ಬರುತ್ತಾ? ಬ್ರಿಟನ್‌ನಲ್ಲಿ ಹಾಗೆ ಹೋದವರು ಯಾರಾದರೂ ಇದ್ದಾರಾ?

ಖಂಡಿತ ಬರುತ್ತೆ. ಹಾಗೆ ಹೋದವರೂ ಬೇಕಾದಷ್ಟು ಜನ ಇದ್ದಾರೆ. ನಿರ್ದೇಶಕ ರಿಡ್ಲಿ ಸ್ಕಾಟ್ ಕೂಡ ಮೊದಲು ಬಿಬಿಸಿಯಲ್ಲಿ ಸೆಟ್ ಡಿಸೈನರ್ ಆಗಿದ್ದವರು. ಆದರೆ ನಿಮ್ಮ ಪ್ರಶ್ನೆಗೆ ನಾನು ಕೊಡುವ ಹೆಸರು ರೋಜರ್ ಮರ್ರೇ-ಲೀಚ್.

1970ರ ದಶಕದಲ್ಲಿ ಇವರು ಬಿಬಿಸಿಯ 'ಡಾಕ್ಟರ್ ಹೂ' ಸರಣಿಗೆ ಸೆಟ್ ಮಾಡುತ್ತಿದ್ದರು. ಕಥೆಯಲ್ಲಿ ಅನ್ಯಗ್ರಹ, ಅಂತರಿಕ್ಷ ನೌಕೆ. ಕೈಗೆ ಸಿಗುತ್ತಿದ್ದ ದುಡ್ಡು ಮಾತ್ರ ಅಷ್ಟಕ್ಕಷ್ಟೆ. ಆ ಸರಣಿಯ 1975ರ ಕಥೆ 'ದಿ ಆರ್ಕ್ ಇನ್ ಸ್ಪೇಸ್'ಗೆ ಒಂದು ಬಾಹ್ಯಾಕಾಶ ನಿಲ್ದಾಣ ಕಟ್ಟಿದರು. ಅದೇ ಸೆಟ್ 'ರಿವೆಂಜ್ ಆಫ್ ದಿ ಸೈಬರ್‌ಮೆನ್'ಗೂ ಆಯಿತು. ನಿಲ್ದಾಣ ಅದೇ, ಕಾಲ ಸಾವಿರಾರು ವರ್ಷ ಹಿಂದಿನದು ಅಂತ ಕಥೆಯನ್ನೇ ಹೊಂದಿಸಿಕೊಂಡರು! ಅದೇ ವರ್ಷ 'ಪ್ಲಾನೆಟ್ ಆಫ್ ಈವಿಲ್'ಗೆ ಈಲಿಂಗ್ ಸ್ಟುಡಿಯೋದ ಒಳಗೇ ಒಂದು ಕಾಡು ಎಬ್ಬಿಸಿದರು. ಆ ಕಾಲದ ಟಿವಿ ಸೆಟ್‌ಗಳಲ್ಲಿ ನನಗೆ ತುಂಬಾ ಇಷ್ಟವಾದದ್ದು ಇದೇ. 1978ರಲ್ಲಿ ಶುರುವಾದ 'ಬ್ಲೇಕ್ಸ್ 7' ಸರಣಿಯ ಲಿಬರೇಟರ್ ನೌಕೆಯೂ ಇವರದೇ.

ಆಮೇಲೆ ಸಿನಿಮಾಗಳಿಗೂ ಇವರೇ ಡಿಸೈನರ್. 1988ರ 'ಎ ಫಿಶ್ ಕಾಲ್ಡ್ ವಾಂಡಾ' ಜಾಸ್ತಿ ಹೆಸರು ಮಾಡಿತು, ನಿಜ. ಆದರೆ ನೀವು 1983ರ 'ಲೋಕಲ್ ಹೀರೋ' ನೋಡಿ. ಅದರಲ್ಲಿ ಸ್ಕಾಟ್ಲೆಂಡಿನ ಒಂದು ಪುಟ್ಟ ಊರು, ಪಕ್ಕದಲ್ಲೇ ಬಿಳಿ ಮರಳಿನ ಕಡಲತೀರ. ಅಂಥ ಊರೇ ಇಲ್ಲ! ಮನೆಗಳ ಸಾಲು ಪೂರ್ವ ಕರಾವಳಿಯ ಪೆನ್ನನ್‌ನದು. ಮರಳು ಪಶ್ಚಿಮ ಕರಾವಳಿಯ ಕಾಮಸ್‌ಡರಾಕ್‌ನದು. ನಡುವೆ ಇಡೀ ಸ್ಕಾಟ್ಲೆಂಡ್ ಇದೆ. ತೀರದಲ್ಲಿ ಕಾಣುವ ಚರ್ಚು ಶೂಟಿಂಗ್‌ಗೆ ಅಂತ ಕಟ್ಟಿದ್ದು, ಅದರ ಒಳಭಾಗ ಇನ್ನೊಂದು ಕಡೆಯ ನಿಜವಾದ ಚರ್ಚು. ನೋಡುವಾಗ ಎಲ್ಲೂ ಬೆಸುಗೆ ಕಾಣಲ್ಲ.

ನಾಯಕ ಅಮೆರಿಕಕ್ಕೆ ಫೋನ್ ಮಾಡುವ ಕೆಂಪು ಟೆಲಿಫೋನ್ ಬೂತ್ ಕೂಡ ಸುಮ್ನೆ ಶೂಟಿಂಗ್‌ಗೆ ತಂದು ನಿಲ್ಲಿಸಿದ್ದು. ಸಿನಿಮಾ ನೋಡಿದವರು ಅದನ್ನು ಹುಡುಕಿಕೊಂಡು ಪೆನ್ನನ್‌ಗೆ ಬರತೊಡಗಿದರು. ಕೊನೆಗೆ 1989ರಲ್ಲಿ ಆ ಊರಿನ ಅಸಲಿ ಬೂತ್ ಸಂರಕ್ಷಿತ ಪಟ್ಟಿಗೆ ಸೇರಿತು.

ಒಂದೇ ಸೆಟ್ಟನ್ನು ಎರಡು ಕಥೆಗೆ ಒಗ್ಗಿಸಿದವರಿಗೆ ಎರಡು ಕಡಲತೀರ ಸೇರಿಸುವುದು ಹೊಸ ವಿದ್ಯೆಯೇನಲ್ಲ ಅಲ್ವಾ? ಟಿವಿಯಲ್ಲಿ ಕೆಲಸ ಸಿಕ್ಕರೆ ಬಿಡಬೇಡಿ. 'ಪ್ಲಾನೆಟ್ ಆಫ್ ಈವಿಲ್' ಸಿಕ್ಕರೆ ಒಮ್ಮೆ ಸೌಂಡ್ ಆಫ್ ಮಾಡಿ, ಹಿಂದಿರುವ ಕಾಡನ್ನಷ್ಟೇ ನೋಡಿ.