ಕಾಡಿನ ಜಾಗದಲ್ಲಿ ಅನುಮತಿ ಇಲ್ಲದೆ ಕಟ್ಟಿದ ಮನೆ, ರೆಸಾರ್ಟ್‌ಗಳನ್ನು ಕೋರ್ಟ್ ನಿಜವಾಗಿಯೂ ಒಡೆಸುತ್ತದೆಯೇ?

ಹೌದು, ಒಡೆಸುತ್ತದೆ. ದುಡ್ಡು ಕೊಟ್ಟು ಕೊಂಡಿದ್ದೇನೆ, ಕ್ರಯಪತ್ರ ಇದೆ ಅಂದರೂ ಬಿಡುವುದಿಲ್ಲ.

1980ರ ಅರಣ್ಯ ಸಂರಕ್ಷಣಾ ಕಾಯ್ದೆ ಪ್ರಕಾರ, ಕಾಡನ್ನು ಬೇರೆ ಕೆಲಸಕ್ಕೆ ಬಳಸಲು ಕೇಂದ್ರ ಸರ್ಕಾರದ ಒಪ್ಪಿಗೆ ಬೇಕು. 1996ರ ಗೋದಾವರ್ಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಜಾಗ ಯಾರದ್ದೇ ಆಗಿರಲಿ, ದಾಖಲೆಯಲ್ಲಿ ಅರಣ್ಯ ಅಂತಿದ್ದರೆ ಈ ನಿಯಮ ಅನ್ವಯಿಸುತ್ತದೆ ಎಂದಿತು. ಖಾಸಗಿ ಕ್ರಯಪತ್ರ ಸೋಲುವುದು ಇಲ್ಲೇ.

ಹರಿಯಾಣದ ಫರಿದಾಬಾದ್‌ನಲ್ಲಿದ್ದ ಕಾಂತ್ ಎನ್‌ಕ್ಲೇವ್ ಎಂಬ ವಸತಿ ಬಡಾವಣೆ ನೋಡಿ. ಅರಾವಳಿ ಬೆಟ್ಟದ ಆ ಜಾಗದಲ್ಲಿ ಕಟ್ಟಬಾರದೆಂದು 1992ರ ಆಗಸ್ಟ್ 18ರಂದು ಅಧಿಸೂಚನೆ ಬಂದಿತ್ತು. ಆದರೂ ಮನೆಗಳು ಎದ್ದವು. 2018ರಲ್ಲಿ ಸುಪ್ರೀಂ ಕೋರ್ಟ್, ಆ ತಾರೀಖಿನ ನಂತರ ಕಟ್ಟಿದ್ದನ್ನೆಲ್ಲ ಕೆಡವಲು ಹೇಳಿತು. ಕೊಂಡವರ ಹಣವನ್ನು ಶೇ 18 ಬಡ್ಡಿ ಸಮೇತ ವಾಪಸ್ ಕೊಡಿಸಿತು. ಈ ತೀರ್ಪಿನಲ್ಲಿ ನನಗೆ ಜಾಸ್ತಿ ಹಿಡಿಸಿದ್ದು ಇದೇ. ನಂಬಿ ಕೊಂಡವರನ್ನು ಸುಮ್ನೆ ಬೀದಿಗೆ ಬಿಡಲಿಲ್ಲ.

ನೀಲಗಿರಿಯ ಸೀಗೂರು ನಮ್ಮ ಬಂಡೀಪುರಕ್ಕೆ ಹತ್ತಿರದ್ದೇ. ಅಲ್ಲಿ ಆನೆ ದಾರಿಗೆ ಅಡ್ಡವಾಗಿ ರೆಸಾರ್ಟ್‌ಗಳು ಬಂದಿದ್ದವು. ತಲೆಮಾರುಗಳಿಂದ ನಡೆದ ದಾರಿಯಲ್ಲಿ ಬೇಲಿ ಎದುರಾದರೆ ಆನೆ ಹಿಂಡು ಎಲ್ಲಿಗೆ ಹೋಗಬೇಕು ಹೇಳಿ? 2018ರಲ್ಲಿ ಸುಪ್ರೀಂ ಕೋರ್ಟ್ ಅಲ್ಲಿನ ರೆಸಾರ್ಟ್‌ಗಳಿಗೆ ಬೀಗ ಹಾಕಿಸಿತು, ಆ ದಾರಿಯನ್ನು ಆನೆ ಕಾರಿಡಾರ್ ಎಂದು ಗುರುತಿಸಿದ್ದ ತಮಿಳುನಾಡು ಸರ್ಕಾರದ ಅಧಿಸೂಚನೆಯನ್ನು 2020ರಲ್ಲಿ ಎತ್ತಿಹಿಡಿಯಿತು.

ತೊಂದರೆ ಏನೆಂದರೆ, ತೀರ್ಪು ತುಂಬಾ ತಡವಾಗಿ ಬರುತ್ತದೆ. ಅಷ್ಟರಲ್ಲಿ ಮರ ಹೋಗಿರುತ್ತದೆ. ಹಾಗಾಗಿ ಕಾಡಂಚಿನಲ್ಲಿ ಸೈಟ್ ನೋಡುವವರು ಪಂಚಾಯ್ತಿ ಲೈಸೆನ್ಸ್ ಒಂದನ್ನೇ ನಂಬಬೇಡಿ. ಸರ್ವೆ ನಂಬರ್ ಹಿಡಿದುಕೊಂಡು ಅರಣ್ಯ ಇಲಾಖೆಯಲ್ಲಿ ಮೊದಲೇ ವಿಚಾರಿಸಿ.