ಯೂಟ್ಯೂಬಿನಲ್ಲಿ ಸಿಕ್ಕ ಅಣೆಕಟ್ಟು, ಅಟ್ಟದಲ್ಲಿ ಸಿಕ್ಕ ಮದುವೆ

ಸಾಗರದ ಓದುಗರೊಬ್ಬರು ಬರೆದಿದ್ದಾರೆ: “ಶರಾವತಿ ಮುಳುಗಡೆ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ಲಿಂಗನಮಕ್ಕಿ ಅಣೆಕಟ್ಟು ಕಟ್ಟುವಾಗಿನ ಕಪ್ಪು-ಬಿಳುಪು ದೃಶ್ಯ ಯೂಟ್ಯೂಬಿನಲ್ಲಿ ಸಿಕ್ಕಿದೆ. ‘ಕೃಪೆ: ಯೂಟ್ಯೂಬ್’ ಅಂತ ಹಾಕಿದರೆ ಸಾಕಲ್ವಾ? ನಮ್ಮ ಚಿಕ್ಕಪ್ಪನ ಮದುವೆ ಕ್ಯಾಸೆಟ್ಟಿನಲ್ಲಿ ದಿಬ್ಬಣ ಹಿನ್ನೀರು ದಾಟಲು ಲಾಂಚು ಹತ್ತುವುದಿದೆ. ಅದಕ್ಕೂ ಅನುಮತಿ ಬೇಕಾ?”

ಕೃಪೆ ಹಾಕಿದರೆ ಸಾಲದು. ಅಪ್‌ಲೋಡ್ ಮಾಡಿದವರು ಎಷ್ಟೋ ಸಲ ತಾವೂ ಎಲ್ಲಿಂದಲೋ ಇಳಿಸಿಕೊಂಡವರೇ. ಚಿತ್ರದ ಶುರುವಿನ, ಕೊನೆಯ ಹೆಸರುಗಳನ್ನು ನೋಡಿ ಮೂಲ ಹುಡುಕಿ. ಸರ್ಕಾರಕ್ಕೆ ಸಾಕ್ಷ್ಯಚಿತ್ರ ಮಾಡುತ್ತಿದ್ದ ಫಿಲ್ಮ್ಸ್ ಡಿವಿಷನ್ ಚಿತ್ರವಾದರೆ ಈಗ ಕೇಳಬೇಕಾದ್ದು ಎನ್‌ಎಫ್‌ಡಿಸಿಯನ್ನು, ಅಂದರೆ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮವನ್ನು. ಫಿಲ್ಮ್ಸ್ ಡಿವಿಷನ್ನೂ ಪುಣೆಯ ಚಲನಚಿತ್ರ ಸಂಗ್ರಹಾಲಯವೂ ಅದರೊಳಗೇ ಸೇರಿವೆ.

ನಮ್ಮ ದೇಶದ ಕಾಪಿರೈಟ್ ಕಾಯ್ದೆಯಲ್ಲಿ ಚಿತ್ರದ ಹಕ್ಕು ಬಿಡುಗಡೆಯ ಮರುವರ್ಷದಿಂದ 60 ವರ್ಷ. 1964ರಲ್ಲಿ ಬಿಡುಗಡೆಯಾಗಿದ್ದರೆ 2024ರ ಡಿಸೆಂಬರ್ 31ಕ್ಕೆ ಮುಗಿದಿದೆ. 1970ರದ್ದಾದರೆ 2030ರ ಕೊನೆಯವರೆಗೂ ಇದೆ. ಒಂದು ವಿಷಯ ಗಮನಿಸಿ: ಹಕ್ಕು ಮುಗಿದರೂ ಒಳ್ಳೆಯ ಪ್ರತಿ ಕೊಡುವುದಕ್ಕೆ ಸಂಗ್ರಹಾಲಯ ದುಡ್ಡು ಕೇಳಬಹುದು. ಹಿನ್ನೆಲೆ ಸಂಗೀತದ ಲೆಕ್ಕವೂ ಬೇರೆ. ಅದರ ಹಕ್ಕು ಸಂಗೀತ ಮಾಡಿದವರು ತೀರಿಕೊಂಡ ಮೇಲೂ 60 ವರ್ಷ ಉಳಿಯುತ್ತದೆ.

ಹಕ್ಕು ಇನ್ನೂ ಇದ್ದರೆ ಸಾಮಾನ್ಯವಾಗಿ ಸೆಕೆಂಡು ಅಥವಾ ನಿಮಿಷದ ಲೆಕ್ಕದಲ್ಲಿ ದರ ಹೇಳುತ್ತಾರೆ. ಚಿತ್ರೋತ್ಸವಕ್ಕೆ ಮಾತ್ರವೋ, ಟಿವಿಗೋ, ಓಟಿಟಿಗೋ ಅನ್ನುವುದರ ಮೇಲೆ ದರ ಏರುತ್ತದೆ. ಇಲ್ಲಿ ಜಿಪುಣತನ ಬೇಡ, ನಾಚಿಕೆಯೂ ಬೇಡ. ಚೌಕಾಸಿ ಮಾಡಿ. ಆದರೆ ಎಷ್ಟು ವರ್ಷ, ಯಾವ ದೇಶಗಳಲ್ಲಿ ಅಂತ ಪತ್ರದಲ್ಲಿ ಬರೆಸಿಕೊಳ್ಳಿ. ಬರೆಯದೆ ಬಿಟ್ಟರೆ ಕಾಯ್ದೆ ಅದನ್ನು 5 ವರ್ಷ, ಭಾರತಕ್ಕೆ ಮಾತ್ರ ಅಂತ ತಿಳಿಯುತ್ತದೆ. ಆರನೇ ವರ್ಷ ವಿದೇಶದ ಚಾನೆಲ್ಲು ಕೇಳಿದರೆ ಪುನಃ ಮೊದಲಿನಿಂದ ಶುರು. ದೃಶ್ಯವನ್ನು ಎಡಿಟಿಂಗಿನಲ್ಲಿ ಕೂರಿಸಿ ಆಮೇಲೆ ಅನುಮತಿ ಕೇಳುವವರೇ ಜಾಸ್ತಿ. ಆಗ ಹಕ್ಕುದಾರರು ಹೇಳಿದ್ದೇ ರೇಟು.

ಇನ್ನು ಚಿಕ್ಕಪ್ಪನ ಕ್ಯಾಸೆಟ್ಟು. ನನ್ನ ಕೇಳಿದರೆ ನಿಮ್ಮ ಹತ್ತಿರ ಇರುವ ನಿಜವಾದ ಆಸ್ತಿ ಅದೇ. 2025ರ ಜುಲೈಯಲ್ಲಿ ಶರಾವತಿ ಹಿನ್ನೀರಿನ ಮೇಲೆ ಸಿಗಂದೂರು ಸೇತುವೆ ಶುರುವಾಯಿತು. ಲಾಂಚು ಹತ್ತಿದ ದಿಬ್ಬಣ ಇನ್ನು ಹಳೆಯ ಕ್ಯಾಸೆಟ್ಟುಗಳಲ್ಲೇ ಸಿಗಬೇಕು. ಬೇರೆ ಒಪ್ಪಂದ ಇಲ್ಲದಿದ್ದರೆ, ದುಡ್ಡು ಕೊಟ್ಟು ವಿಡಿಯೋ ಮಾಡಿಸಿದವರೇ ಅದರ ಮೊದಲ ಮಾಲೀಕರು. ವಿಡಿಯೋದವರಲ್ಲ. ಮಾಡಿಸಿದ್ದು ನಿಮ್ಮ ಅಜ್ಜನಾಗಿದ್ದು ಅವರು ಈಗಿಲ್ಲದಿದ್ದರೆ, ಅವರ ವಾರಸುದಾರರೆಲ್ಲರ ಸಹಿ ತೆಗೆದುಕೊಳ್ಳಿ. ಮನೆಯವರೇ ಅಲ್ವಾ ಅಂತ ಬಾಯಿಮಾತಿಗೆ ಬಿಡಬೇಡಿ. ಚಿಕ್ಕಮ್ಮನನ್ನೂ ಕೇಳಿ, ಮದುವೆ ಅವರದ್ದೂ ಹೌದಲ್ಲ. ಆಗಿನ ವಿಡಿಯೋದವರು ಸುಮ್ನೆ ಸಿನಿಮಾ ಹಾಡು ತುಂಬಿಬಿಡುತ್ತಿದ್ದರು. ಆ ಹಾಡು ತೆಗೆದು ದೃಶ್ಯ ಮಾತ್ರ ಬಳಸಿ.

ಮಲೆನಾಡಿನ ಥಂಡಿಗೆ ಟೇಪಿಗೆ ಬೂಷ್ಟು ಹಿಡಿದಿರಬಹುದು. ಮುಚ್ಚಳ ಎತ್ತಿ ಬೆಳಕಿಗೆ ಹಿಡಿದು ನೋಡಿ. ಬಿಳಿ ಪುಡಿ ಕಂಡರೆ ಪ್ಲೇಯರಿಗೆ ಹಾಕಲೇಬೇಡಿ, ಟೇಪು ಓದುವ ಹೆಡ್ಡೂ ಹಾಳು, ಟೇಪೂ ಹಾಳು. ಟೇಪು ಶುಚಿ ಮಾಡಿ ಡಿಜಿಟಲ್‌ಗೆ ಇಳಿಸಿಕೊಡುವವರ ಕೈಗೇ ಕೊಡಿ.