ಫಿನ್ಲೆಂಡಿನ ನಟಿ ಕಾತಿ ಔಟಿನೆನ್ ನಟಿಸುವುದೇ ಇಲ್ಲ ಅನ್ನಿಸುತ್ತೆ. ಅವರಿಗೆ ಕಾನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಹೇಗೆ ಬಂತು?

ನೀವು ನೋಡಿರುವುದು ‘ದಿ ಮ್ಯಾನ್ ವಿದೌಟ್ ಎ ಪಾಸ್ಟ್’ ಒಂದೇ ಅಂತ ಬರೆದಿದ್ದೀರಿ. ಬಡವರಿಗೆ ನೆರವಾಗುವ ಕ್ರೈಸ್ತ ಸಂಸ್ಥೆ ಸಾಲ್ವೇಷನ್ ಆರ್ಮಿಯಲ್ಲಿ ಕೆಲಸ ಮಾಡುವ ಇರ್ಮಾಳ ಮುಖದಲ್ಲಿ ಏನೂ ಕಾಣಲಿಲ್ಲ ಅಂದಿರಿ. ಮೊದಲ ಸಲ ನನಗೂ ಹಾಗೇ ಅನ್ನಿಸಿತ್ತು. 2002ರಲ್ಲಿ ಪ್ರಶಸ್ತಿ ಬಂದಿದ್ದು ಅದೇ ಪಾತ್ರಕ್ಕೆ.

ಸ್ವಲ್ಪ ಹಿಂದಕ್ಕೆ ಹೋಗಿ, 1990ರ ‘ದಿ ಮ್ಯಾಚ್ ಫ್ಯಾಕ್ಟರಿ ಗರ್ಲ್’ ನೋಡಿ. ಒಂದೂಕಾಲು ಗಂಟೆಯೂ ಇಲ್ಲ. ಅದರಲ್ಲಿ ಔಟಿನೆನ್ ಬೆಂಕಿಪೊಟ್ಟಣದ ಕಾರ್ಖಾನೆಯಲ್ಲಿ ದುಡಿಯುವ ಐರಿಸ್. ಒಂದು ಸಂಜೆ ಡ್ಯಾನ್ಸ್ ಹಾಲ್‌ಗೆ ಹೋಗುತ್ತಾಳೆ. ಹೆಂಗಸರು ಸಾಲಾಗಿ ಕೂತಿದ್ದಾರೆ. ಗಂಡಸರು ಬಂದು ಒಬ್ಬೊಬ್ಬರನ್ನೇ ಕುಣಿಯಲು ಕರೆದುಕೊಂಡು ಹೋಗುತ್ತಾರೆ. ಕೊನೆಗೆ ಇವಳೊಬ್ಬಳೇ. ಸುಮ್ನೆ ಕೂತಿರುತ್ತಾಳೆ, ಅಷ್ಟೇ. ಅವಳು ಅಲ್ಲಿ ಅತ್ತಿದ್ದರೆ ನಾವು ‘ಅಯ್ಯೋ ಪಾಪ’ ಅಂದು ಮರೆತುಬಿಡುತ್ತಿದ್ದೆವು. ಅಳಲಿಲ್ಲ, ಅದಕ್ಕೇ ನಮ್ಮ ಗಂಟಲು ಕಟ್ಟುತ್ತದೆ.

ನಟನೆ ಬಾರದವರು ಹೀಗೆ ಕೂರಲಾರರು. ಔಟಿನೆನ್ ರಂಗಭೂಮಿಯಲ್ಲಿ ಪಳಗಿದವರು. ಮುಂದೆ ಹೆಲ್ಸಿಂಕಿಯ ಥಿಯೇಟರ್ ಅಕಾಡೆಮಿಯಲ್ಲಿ ನಟನೆಯ ಪ್ರೊಫೆಸರ್ ಕೂಡ ಆದರು. ಈ ಚಿತ್ರಗಳ ನಿರ್ದೇಶಕ ಅಕಿ ಕೌರಿಸ್ಮಾಕಿ ಜೊತೆ ಅವರ ನಂಟು 1986ರ ‘ಶ್ಯಾಡೋಸ್ ಇನ್ ಪ್ಯಾರಡೈಸ್’ನಿಂದ ಶುರುವಾಯಿತು. 1999ರ ‘ಯುಹಾ’ ಅಂತೂ ಕಪ್ಪುಬಿಳುಪಿನ ಮೂಕಿಚಿತ್ರ. 2011ರ ‘ಲ ಹಾವ್ರ್’ನಲ್ಲಿ ಫ್ರೆಂಚ್ ಮಾತಾಡಿದರು.

ನನಗೆ ಎಲ್ಲಕ್ಕಿಂತ ಹತ್ತಿರವಾದದ್ದು 1996ರ ‘ಡ್ರಿಫ್ಟಿಂಗ್ ಕ್ಲೌಡ್ಸ್’. ಇದರ ಮುಖ್ಯ ಪಾತ್ರವನ್ನು ಮೊದಲು ಯೋಚಿಸಿದ್ದು ಮಟ್ಟಿ ಪೆಲ್ಲೊನ್ಪಾಗೆ. ‘ಶ್ಯಾಡೋಸ್’ನಲ್ಲಿ ಔಟಿನೆನ್ ಜೋಡಿಯಾಗಿದ್ದ ನಟ ಅವರೇ. 1995ರಲ್ಲಿ ಅವರು ತೀರಿಕೊಂಡರು. ಕೌರಿಸ್ಮಾಕಿ ಕಥೆಯನ್ನು ಬದಲಾಯಿಸಿ ಔಟಿನೆನ್ ಅವರನ್ನು ನಡುವೆ ತಂದರು. ಅವರ ಇಲೋನಾ ರೆಸ್ಟೋರೆಂಟ್ ಒಂದರ ಹೆಡ್ ವೇಟರ್, ಗಂಡ ಟ್ರಾಮ್ ಚಾಲಕ. ಇಬ್ಬರ ಕೆಲಸವೂ ಹೋಗುತ್ತದೆ. ಮನೆಯಲ್ಲಿ ತೀರಿಹೋದ ಮಗನ ಫೋಟೋ ಒಂದಿದೆ. ಇಲೋನಾ ಅದನ್ನು ನೋಡುತ್ತಾಳೆ. ಫೋಟೋದಲ್ಲಿರುವ ಹುಡುಗ ಪೆಲ್ಲೊನ್ಪಾ, ಅವರ ಬಾಲ್ಯದ ಚಿತ್ರ. ಕಳೆದುಕೊಂಡ ಜೊತೆಗಾರನನ್ನು ನಟಿ ನೋಡುತ್ತಿದ್ದಾರೆ ಅಂತ ಗೊತ್ತಾದ ಮೇಲೆ ಆ ಮುಖದಲ್ಲಿ ಇನ್ನೂ ಜಾಸ್ತಿ ಏನು ಬೇಕು ಹೇಳಿ?

ಇವೆರಡನ್ನೂ ನೋಡಿ, ಆಮೇಲೆ ಇರ್ಮಾ ಹತ್ತಿರ ವಾಪಸ್ ಬನ್ನಿ. ಕೆಲಸ ಮುಗಿಸಿ ತನ್ನ ಕೋಣೆಗೆ ಬಂದು ಮಲಗಿ, ಒಬ್ಬಳೇ ರಾಕ್ ಸಂಗೀತ ಕೇಳುತ್ತಾಳಲ್ಲ, ಅಲ್ಲಿ ಅವಳ ಮುಖ ನೋಡಿ.